ಎಂಟು ಅಂಗಿಗಳ ಹಾಡು, ಲೀಲಕ್ಕನ ಉಸಿರು

ಪಕ್ಕದಲ್ಲಿ ನಿಂತಿದ್ದ ಬಿಳಿಕೂದಲಿನ ಹೆಂಗಸು ಒಂದು ಮಾತೂ ಕೇಳದೆ ತನ್ನ ಕಿರುಬೆರಳನ್ನು ನನ್ನ ಕಿರುಬೆರಳಿಗೆ ಕೊಕ್ಕೆಯ ಹಾಗೆ ಸಿಕ್ಕಿಸಿಬಿಟ್ಟಳು. ಬಸ್ಸಿನಲ್ಲಿ ಭುಜ ತಾಗಿದರೂ ‘ಸಾರಿ’ ಎನ್ನುವ ದೇಶ ಇದು. ನಾನು ಬಂದ ಒಂಬತ್ತು ವರ್ಷಗಳಲ್ಲಿ ಡಾಕ್ಟರನ್ನು ಬಿಟ್ಟರೆ ಯಾವ ಬಿಳಿಯರೂ ನನ್ನ ಕೈ ಮುಟ್ಟಿದ್ದಿಲ್ಲ. ಎಡಗಡೆಯಿಂದ ಒಬ್ಬ ಮುದುಕ ಇನ್ನೊಂದು ಕಿರುಬೆರಳನ್ನೂ ಹಿಡಿದ. ಹೊರಗೆ ಮೊಣಕಾಲಿನಷ್ಟು ಹಿಮ. ಒಳಗೆ, ಅರೋರಾ ಪೇಟೆಯ ಒಂದು ಚರ್ಚಿನ ಹಾಲಿನಲ್ಲಿ, ನಲವತ್ತು ಜನ ಬೆರಳಿಗೆ ಬೆರಳು ಕೋದು ನಿಂತಿದ್ದಾರೆ. ಭಾನುವಾರ ಮಧ್ಯಾಹ್ನ ಮೂರು ಗಂಟೆ.

ವೇದಿಕೆಯಲ್ಲಿ ವಾದ್ಯ ಇರಲಿಲ್ಲ. ಇಬ್ಬರು ಮುದುಕಿಯರು ಎದುರುಬದುರು ನಿಂತಿದ್ದರು, ಅಷ್ಟೇ. ಒಬ್ಬಳು ಒಂದು ಸಾಲು ಹಾಡಿದಳು. ಆ ಸಾಲು ಮುಗಿಯುವ ಮೊದಲೇ, ಕೊನೆಯ ಎರಡು ಮೂರು ಅಕ್ಷರ ಬಾಕಿ ಇರುವಾಗಲೇ, ಇನ್ನೊಬ್ಬಳು ಅದನ್ನು ಹಿಡಿದುಕೊಂಡಳು. ಇಬ್ಬರೂ ಕೂಡಿ ಕೊನೆ ಮುಟ್ಟಿಸಿದರು. ಆಮೇಲೆ ಎರಡನೆಯವಳು ಒಬ್ಬಳೇ ಅದೇ ಸಾಲನ್ನು ಮತ್ತೆ ಹಾಡಿದಳು. ಅದರ ತುದಿಯನ್ನು ಮೊದಲಿನವಳು ಹಿಡಿದಳು. ಹೀಗೆ ಎಲ್ಲೂ ದನಿ ತುಂಡಾಗಲಿಲ್ಲ, ನಮ್ಮ ಕಾಲುಗಳೂ ನಿಲ್ಲಲಿಲ್ಲ.

ಭಾಷೆ ಒಂದಕ್ಷರ ತಿಳಿಯಲಿಲ್ಲ. ಆದರೆ ನನ್ನ ಬಾಯಿ ತನ್ನಷ್ಟಕ್ಕೆ ತೆರೆದುಕೊಂಡಿತು. ಯಾಕೆಂದರೆ ಎರಡನೆಯವಳ ಆ ಕೆಲಸ ನಾನು ಹದಿನೈದು ವರ್ಷ ಮಾಡಿದ ಕೆಲಸ.

ನಾನು ಏಳನೇ ಕ್ಲಾಸಿನವರೆಗೆ ಓದಿದವಳು. ಬಂಟ್ವಾಳದ ಕಡೆಯವಳು. ನಮ್ಮಮ್ಮ ಬೇರೆಯವರ ಗದ್ದೆಯಲ್ಲಿ ನೇಜಿ ನೆಡುತ್ತಿದ್ದಳು, ಅಂದರೆ ಭತ್ತದ ಸಸಿ. ನೆಡುವಾಗ ಹೆಂಗಸರು ಓಬೇಲೆ ಹಾಡುತ್ತಿದ್ದರು. ಒಬ್ಬಳು ಸಾಲು ಹೇಳಬೇಕು, ಉಳಿದವರು ಹಿಂದಿನಿಂದ ಎತ್ತಿಕೊಳ್ಳಬೇಕು. ಆ ಗದ್ದೆಗಳಿಗೆ ಮಣ್ಣು ತುಂಬಿ ಮನೆ ಕಟ್ಟಿದ ಮೇಲೆ ಅಮ್ಮನ ಹಾಡು ನಮ್ಮ ಜಗಲಿಗೆ ಬಂತು. ನಾನು ಮತ್ತು ನನಗಿಂತ ಆರು ವರ್ಷ ದೊಡ್ಡವಳಾದ ಲೀಲಕ್ಕ ತೊಡೆಯ ಮೇಲೆ ಮೊರ ಇಟ್ಟುಕೊಂಡು ಬೀಡಿ ಕಟ್ಟುತ್ತಾ ಅದನ್ನೇ ಹಾಡಿದೆವು. ದಾರಿ ತಪ್ಪಿದ ಕರುವನ್ನು ಹುಡುಕುತ್ತ ಒಬ್ಬಳು ಗದ್ದೆಯಿಂದ ಗದ್ದೆಗೆ ಹೋಗುವ ಹಾಡು. ಲೀಲಕ್ಕ ಸಾಲು ಹೇಳುವಳು, ನಾನು ಎತ್ತಿಕೊಳ್ಳುತ್ತಿದ್ದೆ. ನಾನು ಹಾಡುವಷ್ಟು ಹೊತ್ತು ಅವಳು ಉಸಿರು ತೆಗೆದುಕೊಳ್ಳುವಳು. ನಮ್ಮಲ್ಲಿ ಒಂದು ನಿಯಮ: ಸಾಲು ಪೂರ್ತಿ ಮುಗಿಯಬೇಕು, ಒಂದು ಉಸಿರಿನಷ್ಟು ಬಿಡುವು ಇರಬೇಕು, ಆಮೇಲೆ ಎತ್ತಿಕೊಳ್ಳುವುದು. ಇಲ್ಲಿಯವರು ಆ ಬಿಡುವನ್ನೇ ಇಟ್ಟಿಲ್ಲ. ಅದೇ ನನಗೆ ಸೋಜಿಗವಾಯಿತು.

ಚರ್ಚಿಗೆ ನನ್ನನ್ನು ಕರೆದವರು ನನ್ನ ಯಜಮಾನಿ. ಅವರ ಹೆಸರು ಸ್ವಾಜಿಗ್. ವೇದಿಕೆಯಲ್ಲಿ ಸಾಲು ಹೇಳಿದವರು ಅವರೇ. ಎಪ್ಪತ್ತು ದಾಟಿದವರನ್ನು ಬರೀ ಹೆಸರಿನಿಂದ ಕರೆಯಲು ನಾಲಿಗೆ ಬರಲಿಲ್ಲ, ‘ಸ್ವಾಜಿಗಮ್ಮ’ ಎಂದೆ. ಅಮ್ಮ ಅಂದರೇನು ಎಂದು ಕೇಳಿ ತಿಳಿದುಕೊಂಡು, “ಸಂಬಳ ಜಾಸ್ತಿ ಕೇಳುವುದಿಲ್ಲವಾದರೆ ಹಾಗೇ ಕರೆ” ಎಂದರು.

ಅವರದು ಬ್ರಿಟನಿ. ಫ್ರಾನ್ಸಿನ ಪಶ್ಚಿಮದ ತುದಿಯಲ್ಲಿ ಸಮುದ್ರದೊಳಕ್ಕೆ ಚಾಚಿಕೊಂಡಿರುವ ಸೀಮೆ. ಅಲ್ಲಿಯವರಿಗೆ ಫ್ರೆಂಚ್ ಬಿಟ್ಟು ಬ್ರೆಟನ್ ಎಂಬ ತಮ್ಮದೇ ನುಡಿ ಇದೆ. ಮನೆಯಲ್ಲಿ ಒಂದು, ಶಾಲೆಯಲ್ಲಿ ಇನ್ನೊಂದು. ನಮಗೆ ಮನೆಯಲ್ಲಿ ತುಳು, ಶಾಲೆಯಲ್ಲಿ ಕನ್ನಡ ಇದ್ದ ಹಾಗೆ. ತುಳು ಮಾತಾಡಿದರೆ ನಮ್ಮ ಟೀಚರು ಗದರುತ್ತಿದ್ದರು, ಅಷ್ಟೇ. ಸ್ವಾಜಿಗಮ್ಮನ ಅಜ್ಜಿಗೆ ಬ್ರೆಟನ್ ಆಡಿದರೆ ಶಾಲೆಯಲ್ಲಿ ಪೆಟ್ಟೇ ಬೀಳುತ್ತಿತ್ತಂತೆ.

ಅರೋರಾದ ಯಂಗ್ ಸ್ಟ್ರೀಟಿನಲ್ಲಿ ಅವರದೊಂದು ಸಣ್ಣ ತಿಂಡಿ ಅಂಗಡಿ. ನಾವು ಮೊದಲು ಸ್ಕಾರ್‌ಬರೋದ ಒಂದು ಬೇಸ್‌ಮೆಂಟಿನಲ್ಲಿ ಇದ್ದೆವು. ಕಿಟಕಿಯಿಂದ ಹೊರಗೆ ನೋಡಿದರೆ ಜನರ ಪಾದಗಳು ಮಾತ್ರ ಕಾಣುತ್ತಿದ್ದವು. ನೆರೆಯವರ ಮುಖ ಗೊತ್ತಿಲ್ಲ, ಬೂಟು ಗೊತ್ತು. ಗಂಡನ ಫ್ಯಾಕ್ಟರಿ ಬದಲಾದ ಮೇಲೆ ರಿಚ್ಮಂಡ್ ಹಿಲ್ಲಿಗೆ ಬಂದೆವು. ಇಲ್ಲಿಯೂ ಬೇಸ್‌ಮೆಂಟೇ, ಆದರೆ ಕಿಟಕಿಯಲ್ಲಿ ಮೊಣಕಾಲಿನವರೆಗೆ ಕಾಣುತ್ತದೆ. ಅಲ್ಲಿಂದ ಬಸ್ಸಿನಲ್ಲಿ ನಾನು ಕೆಲಸಕ್ಕೆ ಹೋಗುವುದು.

ಅವರು ಮಾಡುವುದು ಗಾಲೆಟ್. ನಮ್ಮ ಉತ್ತರ ಭಾರತದವರು ಉಪವಾಸಕ್ಕೆ ತಿನ್ನುವ ಕುಟ್ಟು ಹಿಟ್ಟನ್ನು ನೀರಿನಲ್ಲಿ ಕಲಸಿ, ಉಪ್ಪು ಹಾಕಿ ಹುಯ್ಯುವ ಕಪ್ಪು ದೋಸೆ. ಅವರ ಕಾವಲಿಗೆ ಬಿಲಿಗ್ ಎನ್ನುತ್ತಾರೆ. ಹಿಟ್ಟು ಕಂಡ ಕೂಡಲೇ ಇದು ನಮ್ಮ ನೀರುದೋಸೆಯಲ್ಲವೇ ಎಂದುಕೊಂಡು ಮೊದಲ ದಿನ ಹೊರಗಿನಿಂದ ಒಳಕ್ಕೆ ಎರಚಿಬಿಟ್ಟೆ. ಮೈತುಂಬ ತೂತು. ಸ್ವಾಜಿಗಮ್ಮ ಅದನ್ನು ಬೆಳಕಿಗೆ ಹಿಡಿದು, “ಇದರಲ್ಲಿ ಮೀನು ಹಿಡಿಯಬಹುದು” ಎಂದರು. ಮರದ ಕೋಲಿನಿಂದ ಹಿಟ್ಟನ್ನು ಒಂದೇ ಸುತ್ತಿನಲ್ಲಿ ಹರಡಬೇಕು. ಅದು ಕೈಗೆ ಬರಲು ನನಗೆ ಹದಿನೆಂಟು ದಿನ ಬೇಕಾಯಿತು. ಹತ್ತೊಂಬತ್ತನೆಯ ದಿನ ನನ್ನ ಕೈಯ ಗಾಲೆಟ್ಟನ್ನು ಅವರು ತಾವೇ ಕೂತು ತಿಂದರು. ಈ ದೇಶದಲ್ಲಿ ನನಗೆ ಸಿಕ್ಕ ಮೊದಲ ಸರ್ಟಿಫಿಕೇಟು ಅದು.

ಹಿಟ್ಟು ಹರಡುವಾಗ ಅವರು ಹಾಡುತ್ತಿದ್ದದ್ದು ಒಂದೇ ಹಾಡು. ಅರ್ಥ ಕೇಳಿದೆ. ಒಬ್ಬಳು ಹುಡುಗಿ ಹೊಳೆಯಲ್ಲಿ ಎಂಟು ಅಣ್ಣಂದಿರ ಎಂಟು ಅಂಗಿ ಒಗೆಯುತ್ತಾಳೆ. ಕುದುರೆಯ ಮೇಲೆ ಬಂದವನೊಬ್ಬ, ಇದು ಯಾರದು, ಇದು ಯಾರದು ಎಂದು ಕೇಳುತ್ತಾನೆ. ಏಳು ಅಂಗಿಗೆ ಏಳು ಹೆಸರು ಹೇಳುತ್ತಾಳೆ. ಎಂಟನೆಯದಕ್ಕೆ, “ಯಾರದ್ದೂ ಅಲ್ಲ” ಎನ್ನುತ್ತಾಳೆ. ಆಮೇಲೆ ಅದನ್ನು ಹಿಂಡುತ್ತಾಳೆ. ಹಾರಿದ ನೀರು ತುಟಿಗೆ ತಾಗಿದರೆ ಉಪ್ಪು. ಹೊಳೆಯ ನೀರು ಉಪ್ಪಾಗುವುದು ಹೇಗೆ? ಹಾಡು ಅಲ್ಲಿಗೆ ಮುಗಿಯಿತು.

“ಅಣ್ಣ ಸಮುದ್ರಕ್ಕೆ ಹೋದನೇ?” ಎಂದೆ.

“ಹಾಡಿನಲ್ಲಿ ಇಲ್ಲ.”

“ಮತ್ತೆ ಯಾರದ್ದೂ ಅಲ್ಲ ಎಂದದ್ದು ಯಾಕೆ?”

“ನಾನೂ ಅಜ್ಜಿಯನ್ನು ಕೇಳಿದ್ದೆ. ಬಟ್ಟೆ ಒಗೆಯುವವಳ ಹತ್ತಿರ ಪ್ರಶ್ನೆ ಕೇಳಬೇಡ ಎಂದಳು.”

ಆ ಹಾಡಿಗೆ ಈಗ ಎಷ್ಟೋ ಹೊಸ ಅವತಾರಗಳಿವೆ. ಅಂಗಡಿಯಲ್ಲಿ ಜನ ಇಲ್ಲದಾಗ ಫೋನಿನಲ್ಲಿ ಒಂದೊಂದೇ ಹಾಕಿ ಕೇಳಿಸುವರು. ಒಂದರಲ್ಲಿ ತಂತಿವಾದ್ಯ ಇಟ್ಟುಕೊಂಡು ಒಬ್ಬಳು ನಿಧಾನವಾಗಿ, ಕಣ್ಣೀರು ಬರುವ ಹಾಗೆ ಹಾಡುತ್ತಾಳೆ, ಆದರೆ ಪ್ರತಿ ಸಾಲು ಒಮ್ಮೆ ಮಾತ್ರ. “ಕುರ್ಚಿಯಲ್ಲಿ ಕೂತವರಿಗೆ ಒಮ್ಮೆ ಸಾಕು. ಎರಡು ಸಲ ಬೇಕಾದದ್ದು ಕಾಲುಗಳಿಗೆ” ಎಂದರು ಸ್ವಾಜಿಗಮ್ಮ. ಇನ್ನೊಂದರಲ್ಲಿ ಎಲೆಕ್ಟ್ರಿಕ್ ಗಿಟಾರು, ಡ್ರಮ್ಮು, ಜೊತೆಗೆ ಬೊಂಬಾರ್ಡ್ ಎಂಬ ಊದುವ ವಾದ್ಯ. ಅದರ ಕೂಗು ಕೇಳಿ ನನಗೆ ಊರಿನ ಭೂತಕೋಲದ ನಾಗಸ್ವರ ನೆನಪಾಗಿ ಮೈ ಜುಮ್ಮೆಂದಿತು. ಅದರಲ್ಲಿ ಎಂಟನೆಯ ಅಂಗಿಗೂ ಒಂದು ಹೆಸರು ಕೊಟ್ಟುಬಿಟ್ಟಿದ್ದಾರಂತೆ. ಹಾಳು ಮಾಡಿದ್ದಾರೆ ಎನ್ನುವರೇನೋ ಎಂದು ನೋಡಿದರೆ, ಅವರು ಕಾಲು ಕುಣಿಸುತ್ತಿದ್ದರು. “ನನ್ನ ಅಜ್ಜಿಯ ಹಾಡಿನಲ್ಲಿ ಏಳೇ ಅಂಗಿ ಇದ್ದವು. ಎಂಟನೆಯದು ಪಕ್ಕದ ಮನೆಯವಳಿಂದ ಬಂತು. ನಾವೇನು ಕಮ್ಮಿ ಕಳ್ಳರೇ?”

ಮೂರನೆಯದು ಕಂಪ್ಯೂಟರಿನದು. ಒಬ್ಬಳೇ ಹಾಡಿ, ತನ್ನದೇ ದನಿಯನ್ನು ಹಿಡಿದಿಟ್ಟು, ತಾನೇ ಎತ್ತಿಕೊಂಡಿದ್ದಾಳೆ. ಸೊಗಸಾಗಿಯೇ ಇದೆ. ಮುಗಿದ ಮೇಲೆ ಸ್ವಾಜಿಗಮ್ಮ ಮೆಲ್ಲಗೆ, “ಇವಳು ಯಾವಾಗ ಉಸಿರಾಡುತ್ತಾಳೆ?” ಎಂದರು.

ಹಿಟ್ಟಿನ ಪಾತ್ರೆ ತರುವ ನೆಪ ಹೇಳಿ ನಾನು ಒಳಗೆ ಹೋದೆ. ಆ ಪ್ರಶ್ನೆ ನನ್ನನ್ನೇ ಕೇಳಿದ ಹಾಗಿತ್ತು.

ಈಗ ಆ ಸಂಗತಿ ಬರೆಯುತ್ತೇನೆ. ಲೀಲಕ್ಕನಿಗೆ ಮದುವೆಯಾಗಲಿಲ್ಲ. ನಾನು ಹೊರಟು ಬಂದ ಮೇಲೆ ಜಗಲಿಯಲ್ಲಿ ಅವಳ ಸಾಲನ್ನು ಎತ್ತಿಕೊಳ್ಳುವವರು ಯಾರೂ ಉಳಿಯಲಿಲ್ಲ. ವಾಟ್ಸಾಪು ಕಲಿತ ಮೇಲೆ ಅವಳೇ ಒಂದು ಉಪಾಯ ಮಾಡಿದಳು. ಕರುವಿನ ಹಾಡಿನ ಒಂದು ಸಾಲು ಹಾಡಿ, ಆಮೇಲೆ ಸುಮ್ಮನಾಗುವಳು. ನಾನು ಎತ್ತಿಕೊಳ್ಳಲು ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತು. ಬೀಡಿ ಎಲೆ ಕತ್ತರಿಸುವ ಕತ್ತರಿಯ ಸದ್ದು ಮಾತ್ರ ಕೇಳಿಸುವುದು. ಆಮೇಲೆ ಎರಡನೆಯ ಸಾಲು. ಹೀಗೆ ಇಡೀ ಹಾಡು. ಅವಳ ಲೆಕ್ಕದಲ್ಲಿ, ನಾನು ಇಲ್ಲಿ ಫೋನು ಹಾಕಿಕೊಂಡು ಆ ಖಾಲಿ ಜಾಗದಲ್ಲಿ ಹಾಡುತ್ತೇನೆ, ಅದನ್ನು ಅವಳಿಗೆ ಕಳಿಸುತ್ತೇನೆ. ನಾನು ಒಂದನ್ನೂ ಕಳಿಸಲಿಲ್ಲ. ಮೇಲಿನ ಮನೆಯವರಿಗೆ ಕೇಳಿಸುತ್ತದೆ, ಶಿಫ್ಟು ಮುಗಿಸಿ ಬಂದ ಗಂಡ ಮಲಗಿದ್ದಾನೆ, ನಾಳೆ ಮಾಡಿದರಾಯಿತು. ನಿಜವೆಂದರೆ ನನಗೆ ನಾಚಿಕೆ. ಈ ದೇಶಕ್ಕೆ ಬಂದು ನೇಜಿ ನೆಡುವವರ ಹಾಡು ಹಾಡುವುದೇ?

ಎರಡು ವರ್ಷದ ಹಿಂದೆ ಇಲ್ಲಿ ಕರಾವಳಿಯವರ ಒಂದು ಕೂಟ ಇತ್ತು. ಮೈಕು, ಸ್ಪೀಕರು ನೋಡಿಕೊಳ್ಳುವ ದಿನೇಶಣ್ಣ ನನ್ನನ್ನು ಕೇಳಿದರು.

“ಸುಗಂಧಿಯಕ್ಕ, ಊರಿನ ಹಳೇ ಹಾಡು ಎಂತಾದ್ರೂ ಉಂಟಾ ನಿಮ್ಮತ್ರ? ಈ ಸಲ ಎಲ್ಲ ಫಿಲ್ಮು ಹಾಡೇ ಆಯ್ತು.”

ಲೀಲಕ್ಕನ ದನಿ ಕೇಳಿಸಿದೆ. ಅವರ ಕಣ್ಣು ಅರಳಿತು.

“ಹೋ, ಎಂಥಾ ವಾಯ್ಸು ಮಾರಾಯ್ರೆ! ಆದ್ರೆ ನಡುನಡುವೆ ಗ್ಯಾಪು ತುಂಬ ಉಂಟು. ಅದನ್ನೆಲ್ಲ ಕಟ್ ಮಾಡಿ ಬೀಟ್ ಕೊಟ್ರೆ ಬೆಂಕಿ ಆಗ್ತದೆ. ಹಾಡಿದ್ದು ಯಾರು?”

ಪಕ್ಕದಲ್ಲಿ ನಾಲ್ಕು ಜನ ಹೆಂಗಸರಿದ್ದರು. ಅವರಿಗೆ ನಾನು ಹಿಂದೆಯೇ, ನನ್ನ ಅಕ್ಕ ಹೊಲಿಗೆ ಕಲಿಸುವ ಟೀಚರು ಎಂದು ಹೇಳಿಯಾಗಿತ್ತು. ಹಾಗಾಗಿ ಹೇಳಿದೆ: “ನಮ್ಮ ಊರಲ್ಲಿ ಒಬ್ಬಳು ಕೆಲಸದ ಹೆಂಗಸು.”

ಕೂಟದ ದಿನ ವೇದಿಕೆಯಿಂದ ಅದನ್ನೇ ಸಾರಿದರು. ಹಾಡು ಬಂತು. ಸಾಲಿನ ಮೇಲೆ ಸಾಲು, ಕೆಳಗಡೆ ಢಂ ಢಂ ಎಂದು ಬಡಿತ. ದಿನೇಶಣ್ಣನದು ತಪ್ಪಿಲ್ಲ, ಆ ಖಾಲಿ ಜಾಗ ಯಾರಿಗಾಗಿ ಎಂದು ಅವರಿಗೆ ನಾನು ಹೇಳಿರಲೇ ಇಲ್ಲ. ಎಲ್ಲರೂ ಕುಣಿದರು, ನಾನೂ ಕುಣಿದೆ. ಯಾರೋ ವಿಡಿಯೋ ಮಾಡಿ ಹಾಕಿದರು. ಅದು ನಾಲ್ಕು ದಿನದಲ್ಲಿ ಬಂಟ್ವಾಳ ತಲುಪಿತು.

ಲೀಲಕ್ಕ ಫೋನು ಮಾಡಿದಳು. ನಾವು ಆಡುವುದು ತುಳುವಿನಲ್ಲಿ, ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ.

“ಹಾಡು ಕೇಳಿದೆ.”

“ಯಾವುದಕ್ಕಾ?”

“ಕೆಲಸದ ಹೆಂಗಸಿನದ್ದು.”

ಅವಳೇ ಮುಂದುವರಿಸಿದಳು.

“ಅದು ಸುಳ್ಳಲ್ಲ ಬಿಡು. ಕೆಲಸ ಮಾಡದೆ ಯಾರು ಕೂತಿದ್ದಾರೆ? ಆದ್ರೆ ಉಸಿರು ತೆಗಿಲಿಕ್ಕಾದ್ರೂ ಬಿಡ್ಬಹುದಿತ್ತು ಮಾರಾಯ್ತಿ. ಹಾಗೆ ಹಾಡಿದ್ರೆ ಮನುಷ್ಯ ಸಾಯ್ತಾನೆ.”

ಆಮೇಲೂ ವಾರಕ್ಕೊಮ್ಮೆ ಫೋನು ಮಾಡುತ್ತಿದ್ದಳು. ನನ್ನ ಮಗಳ ಓದು, ಅಲ್ಲಿಯ ಮೀನಿನ ರೇಟು, ಎಲ್ಲ ಮಾತು. ಹಾಡು ಮಾತ್ರ ಬರಲಿಲ್ಲ. ಕೇಳಲು ನನಗೆ ಮುಖ ಇರಲಿಲ್ಲ.

ಹೀಗಿರುವಾಗ ಚರ್ಚಿನಲ್ಲಿ ಸ್ವಾಜಿಗಮ್ಮನ ಜೊತೆ ಹಾಡುತ್ತಿದ್ದ ಗೆಳತಿ ಆನಿಕ್ ತಮ್ಮ ಮಗಳ ಮನೆಯಲ್ಲಿರಲು ವ್ಯಾಂಕೂವರಿಗೆ ಹೊರಟುಹೋದರು. ಒಬ್ಬರೇ ಹಾಡುತ್ತ ಹಿಟ್ಟು ಹರಡುವಾಗ ಸ್ವಾಜಿಗಮ್ಮ ಪ್ರತಿ ಸಾಲಿನ ಕೊನೆಯಲ್ಲಿ ಹಳೆಯ ಅಭ್ಯಾಸದಿಂದ ತಲೆ ಎತ್ತಿ ಎದುರಿಗೆ ನೋಡುವರು. ಎದುರಿಗೆ ಪಾತ್ರೆ ತೊಳೆಯುವ ನಲ್ಲಿ. ಮೂರು ದಿನ ನೋಡಿದೆ. ನಾಲ್ಕನೆಯ ದಿನ ತಡೆಯಲಾರದೆ ಎತ್ತಿಕೊಂಡೆ. ಬಿಡಿಬಿಡಿಯಾಗಿ ಅರ್ಥ ಗೊತ್ತಿಲ್ಲದ ಅಕ್ಷರಗಳು, ಆದರೆ ದಿನಾ ಕೇಳಿ ಕಿವಿಗೆ ಅಂಟಿದ್ದವು.

ಅವರು ಮರದ ಕೋಲು ಕೆಳಗಿಟ್ಟರು. ಕಾವಲಿಯ ಮೇಲೆ ಗಾಲೆಟ್ ಸೀದುಹೋಯಿತು.

“ನೀನು ತಡ” ಎಂದರು.

“ಎಂಥದ್ದು ತಡ?”

“ನಾನು ಮುಗಿಸುವವರೆಗೆ ಕಾದೆ. ಕಾಯಬಾರದು. ನನ್ನ ಬಾಯಿಂದ ಕಿತ್ತುಕೋ. ನಡುವೆ ಗುಂಡಿ ಬಿಟ್ಟರೆ ಕುಣಿಯುವವರ ಕಾಲು ಅದರೊಳಗೆ ಬೀಳುತ್ತದೆ.”

ದೊಡ್ಡವರ ಬಾಯಿಂದ ಮಾತು ಕಿತ್ತುಕೊಳ್ಳುವುದು ನನಗೆ ಸುಲಭವಾಗಲಿಲ್ಲ. ಎರಡು ತಿಂಗಳು ಹಿಟ್ಟು ಕಲಸುತ್ತ, ಪಾತ್ರೆ ತೊಳೆಯುತ್ತ ಅಭ್ಯಾಸ ಮಾಡಿದೆ. ಈ ಬಗೆಗೆ ಅವರು ‘ಕಾನ್ ಹಾ ದಿಸ್ಕಾನ್’ ಎನ್ನುತ್ತಾರೆ, ಹಾಡು ಮತ್ತು ಮರುಹಾಡು ಎಂದಂತೆ. ಮರುಹಾಡುವವರು ಜಾಣರಾಗಬೇಕಿಲ್ಲ, ಓಡಿಹೋಗದಿದ್ದರೆ ಸಾಕು ಎಂದು ಅವರು ತಮಾಷೆ ಮಾಡಿದರು. ನಾನು ನಗಲಿಲ್ಲ.

ವಸಂತ ಬಂದಾಗ ಅದೇ ಚರ್ಚಿನ ಹಾಲಿನಲ್ಲಿ ಮತ್ತೆ ಫೆಸ್ಟ್ ದೇಯ್ಸ್, ಅಂದರೆ ಹಗಲಿನ ಹಬ್ಬ. ನನ್ನ ಮಗಳು ನಿಶಾ, ಹದಿನಾಲ್ಕು ವರ್ಷ, “ಅಮ್ಮ, ಯೂ ಆರ್ ಸಿಂಗಿಂಗ್ ಇನ್ ವಾಟ್?” ಎಂದು ನಂಬದೆ ಜೊತೆಗೆ ಬಂದಿದ್ದಳು. ವೇದಿಕೆ ಹತ್ತಿದಾಗ ನನಗೆ ಅವರ ಒಂದು ಪದ್ಧತಿ ನೆನಪಾಯಿತು. ಯಾರಿಂದ ಕಲಿತದ್ದು ಎಂದು ಹೇಳದೆ ಅವರು ಹಾಡಲು ಬಾಯಿ ತೆರೆಯುವುದಿಲ್ಲ. ಸ್ವಾಜಿಗಮ್ಮ ಅಜ್ಜಿಯ ಹೆಸರು ಹೇಳಿದರು, ಊರಿನ ಹೆಸರು ಹೇಳಿದರು, ಎಂಟನೆಯ ಅಂಗಿ ಕೊಟ್ಟ ಪಕ್ಕದ ಮನೆಯವಳ ಹೆಸರನ್ನೂ ಹೇಳಿದರು. ಆಮೇಲೆ ಮೈಕನ್ನು ನನ್ನ ಕಡೆ ತಿರುಗಿಸಿದರು. “ಮರುಹಾಡು ಇವಳಿಗೆ ನಾನು ಕಲಿಸಿದ್ದಲ್ಲ. ಬರುವಾಗಲೇ ತಂದಿದ್ದಳು. ಯಾರಿಂದ, ಸುಗಂಧಿ?”

ಅಲ್ಲಿ ಲೀಲಕ್ಕನನ್ನು ಬಲ್ಲವರು ಯಾರೂ ಇರಲಿಲ್ಲ. ಹೊಲಿಗೆ ಟೀಚರು ಎಂದಿದ್ದರೂ ನಡೆಯುತ್ತಿತ್ತು. ಎಂಟನೆಯ ಅಂಗಿ ಕಣ್ಣೆದುರು ಬಂತು. ನನ್ನ ಹರಕು ಇಂಗ್ಲಿಷಿನಲ್ಲಿ ಹೇಳಿದೆ: “ನನ್ನ ಅಕ್ಕ ಲೀಲಾ. ಅವಳು ಬೀಡಿ ಕಟ್ಟುತ್ತಾಳೆ. ಅವಳು ಸಾಲು ಹೇಳುತ್ತಿದ್ದಳು, ನಾನು ಎತ್ತಿಕೊಳ್ಳುತ್ತಿದ್ದೆ.”

ಹಾಡಿದೆವು. ಕುಣಿತ ಒಮ್ಮೆಯೂ ಮುಗ್ಗರಿಸಲಿಲ್ಲ. “ಯಾರದ್ದೂ ಅಲ್ಲ” ಎನ್ನುವ ಸಾಲನ್ನು ಎರಡನೆಯ ಸಲ ಹೇಳುವ ಸರದಿ ನನ್ನದು. ಅದನ್ನು ಹೇಗೆ ಹೇಳಿದೆನೋ ನನಗೆ ಗೊತ್ತಿಲ್ಲ.

ಬಸ್ಸಿಗೆ ಕಾಯುವಾಗ ನಿಶಾ ಕೇಳಿದಳು. “ಯೂ ಟೋಲ್ಡ್ ಮೀ ಲೀಲಾ ದೊಡ್ಡಮ್ಮ ಟೀಚಸ್ ಟೈಲರಿಂಗ್.”

“ಸುಳ್ಳು ಹೇಳಿದ್ದು.”

“ವೈ?”

ಎಲ್ಲ ಹೇಳಿದೆ. ಅವಳು ಬೂಟಿನ ತುದಿಯಿಂದ ಉಳಿದ ಹಿಮ ಕೆರೆಯುತ್ತ ಕೇಳಿಸಿಕೊಂಡಳು. ಕೊನೆಗೆ ಕನ್ನಡದಲ್ಲಿ, ಅವಳಿಗೆ ಬರುವಷ್ಟರಲ್ಲಿ ಅಂದಳು: “ಅಮ್ಮ, ಆ ಗ್ಯಾಪ್ ಇರುವ ಮೆಸೇಜ್ ಇನ್ನೂ ಉಂಟಲ್ಲ ಫೋನಲ್ಲಿ?”

ಇತ್ತು. ಮರುದಿನ ಬೆಳಿಗ್ಗೆ, ಲೀಲಕ್ಕನಿಗೆ ಸಂಜೆಯಾಗುವ ಹೊತ್ತಿಗೆ, ನಿಶಾಳ ಫೋನಿನಲ್ಲಿ ಅದನ್ನು ಹಾಕಿ ನನ್ನ ಫೋನಿನಲ್ಲಿ ರೆಕಾರ್ಡಿಗೆ ಇಟ್ಟೆ. ಮೊದಲು ಹೇಳಬೇಕಾದ್ದನ್ನು ಹೇಳಿದೆ. ಕೂಟದಲ್ಲಿ ಏನೆಂದೆ, ಯಾಕೆಂದೆ, ಚರ್ಚಿನಲ್ಲಿ ಏನೆಂದೆ. ಆಮೇಲೆ ಅವಳ ಸಾಲು, ನನ್ನ ಮರುಸಾಲು, ಕೊನೆಯವರೆಗೂ. ಮೇಲಿನ ಮನೆಯವರು ನೆಲ ಬಡಿಯಲಿಲ್ಲ. ಗಂಡ ಎದ್ದು ಬಂದು ಬಾಗಿಲಲ್ಲಿ ನಿಂತು ಕೇಳಿದ.

ಎರಡು ದಿನ ಏನೂ ಬರಲಿಲ್ಲ. ಮೂರನೆಯ ದಿನ ಬೆಳಿಗ್ಗೆ ಬಸ್ಸಿನಲ್ಲಿ ಕೂತಾಗ ಬಂತು. ಮೊದಲು ಕೆಮ್ಮು, ಆಮೇಲೆ ಕತ್ತರಿಯ ಸದ್ದು, ಆಮೇಲೆ ಲೀಲಕ್ಕ.

“ಚರ್ಚಿನಲ್ಲಿ ಹೇಳಿದ್ದು ಸರಿ. ಆದ್ರೆ ಅಲ್ಲಿ ನನ್ನನ್ನು ಯಾರು ಬಲ್ಲರು? ಗೊತ್ತಿದ್ದವರ ಎದುರು ಹೇಳು. ಮತ್ತೆ, ಇದೆಂತ ಹೊಸ ಕ್ರಮ ನಿಂದು? ನಾನು ಮುಗಿಸುವ ಮೊದಲೇ ಬಾಯಿಂದ ಎಳ್ಕೊಳ್ತಿ! ಯಾರು ಅಟ್ಟಿಸ್ಕೊಂಡು ಬರ್ತಿದ್ದಾರೆ ನಿನ್ನನ್ನು? ಪೂರ್ತಿ ಬಿಡು, ಆಮೇಲೆ ಎತ್ತು. ಮೊದಲಿಂದ ಹೇಳ್ತೇನೆ.”

ಆಮೇಲೆ ಒಂದು ಸಾಲು. ಆಮೇಲೆ ಖಾಲಿ.

ಅವಳು ಹೇಳಿದ್ದನ್ನು ಮಾಡುತ್ತಿದ್ದೇನೆ. ಇದನ್ನು ಓದುವವರಲ್ಲಿ ಅಂದು ಆ ಕೂಟದಲ್ಲಿ ಕುಣಿದವರಿರಬಹುದು, ವಿಡಿಯೋ ನೋಡಿದ ಊರಿನವರಿರಬಹುದು. ಆ ದನಿ ನನ್ನ ಅಕ್ಕ ಲೀಲಾಳದು. ನಡುವೆ ಕತ್ತರಿಸಿ ಎಸೆದದ್ದು ನಾನು ಹಾಡಬೇಕಾಗಿದ್ದ ಜಾಗ.

ಈಗ ಇಬ್ಬರೂ ನನ್ನ ಮೂಲಕ ಜಗಳವಾಡುತ್ತಾರೆ. ಲೀಲಕ್ಕನ ಜೊತೆ ಹಾಡಿ ಹಾಡಿ ನಾನು ಮತ್ತೆ ತಡವಾಗುತ್ತಿದ್ದೇನೆ ಎಂದು ಸ್ವಾಜಿಗಮ್ಮನ ದೂರು. ಅದನ್ನು ಊರಿಗೆ ಮುಟ್ಟಿಸಿದರೆ, “ಅವರಿಗೆ ಹೇಳು, ಗದ್ದೆಯಲ್ಲಿ ಯಾರೂ ಓಡ್ತಾ ನೇಜಿ ನೆಡುದಿಲ್ಲ ಅಂತ” ಎಂಬ ಉತ್ತರ. ಅದನ್ನು ಅರೋರಾಕ್ಕೆ ತಂದರೆ, “ನಿನ್ನ ಅಕ್ಕ ಒಮ್ಮೆ ಇಲ್ಲಿಗೆ ಬಂದು ಕುಣಿಯಲಿ, ಆಮೇಲೆ ಮಾತಾಡಲಿ.” ಅಲ್ಲಿಗೆ ನಾನು ಬೇಗ, ಇಲ್ಲಿಗೆ ನಾನು ತಡ. ಒಂಬತ್ತು ವರ್ಷಕ್ಕೆ ಕಲಿತದ್ದು ಇಷ್ಟು.

ದಿನಾ ಬೆಳಿಗ್ಗೆ ಯಂಗ್ ಸ್ಟ್ರೀಟಿನ ಬಸ್ಸಿನಲ್ಲಿ ಅಕ್ಕನ ಸಾಲನ್ನು ಕಿವಿಗೆ ಹಾಕಿಕೊಳ್ಳುತ್ತೇನೆ. ಅವಳು ಕರುವನ್ನು ಹುಡುಕುತ್ತ ಗದ್ದೆಗೆ ಇಳಿಯುತ್ತಾಳೆ. ಕೊನೆಯ ಎರಡು ಅಕ್ಷರ ಬಾಕಿ ಇರುವಾಗಲೇ ನನ್ನ ತುಟಿ ತೆರೆದುಕೊಳ್ಳುತ್ತದೆ. ಹಲ್ಲು ಕಚ್ಚಿ ತಡೆಯುತ್ತೇನೆ. ಅವಳು ಮುಗಿಸುತ್ತಾಳೆ, ಉಸಿರು ಎಳೆದುಕೊಳ್ಳುವುದು ಕೇಳಿಸುತ್ತದೆ. ಆಮೇಲೆ ಎತ್ತಿಕೊಳ್ಳುತ್ತೇನೆ. ಪಕ್ಕದ ಸೀಟಿನವರು ಸ್ವಲ್ಪ ಸರಿದು ಕೂರುತ್ತಾರೆ.